‘ಒಂದ್ಸಲ ಠಾಣೆಗೆ ಬಂದು ಹೋಗು’ ಎಂದು ಫೋನ್ ಬಂದರೆ ಹೋಗಲೇಬೇಕೆ?

ಪ್ರಶ್ನೆ: ನಮ್ಮದು ಮಲೆನಾಡಿನ ಅಂಚಿನ ಊರು. 2 ಎಕರೆ 10 ಗುಂಟೆ ಅಡಿಕೆ ತೋಟ ತಂದೆಯ ಕಾಲದಿಂದ ನಮ್ಮ ಅನುಭವದಲ್ಲಿದೆ, ಪಹಣಿ ಅಮ್ಮನ ಹೆಸರಿನಲ್ಲಿದೆ. ನಾವು 6 ಗುಂಟೆ ಒತ್ತುವರಿ ಮಾಡಿದ್ದೇವೆಂದು ಪಕ್ಕದ ತೋಟದವರು ಠಾಣೆಗೆ ಅರ್ಜಿ ಕೊಟ್ಟಿದ್ದಾರೆ. ಮೂರು ವಾರದಲ್ಲಿ ನಾಲ್ಕು ಸಲ ಫೋನ್ ಮಾಡಿ ಕರೆಸಿದರು. ಹೋದಾಗಲೆಲ್ಲ ಬೆಳಿಗ್ಗೆಯಿಂದ ಸಂಜೆವರೆಗೆ ಬೆಂಚಿನ ಮೇಲೆ ಕೂರಿಸುತ್ತಾರೆ. ಮೂರನೇ ಸಲ ಎಸ್‌ಐ ತಮ್ಮ ಕೋಣೆಯಲ್ಲಿ ಕೆನ್ನೆಗೆ ಹೊಡೆದು, ‘ಎಂಟು ದಿನದಲ್ಲಿ ಬೇಲಿ ಹಿಂದಕ್ಕೆ ಹಾಕಿಕೊಳ್ಳುತ್ತೇನೆ’ ಎಂದು ಮುಚ್ಚಳಿಕೆ ಬರೆಸಿಕೊಂಡರು. ಬೈಕ್ ಕೀ, ಮೊಬೈಲ್ ಅಲ್ಲೇ ಇಟ್ಟುಕೊಂಡಿದ್ದಾರೆ. 20 ಸಾವಿರ ತಂದರೆ ಕೊಡುತ್ತೇವೆ ಎಂದು ಇನ್ನೊಬ್ಬರು ಹೊರಗೆ ಹೇಳಿದರು. ಈಗ 67 ವರ್ಷದ ಅಮ್ಮನನ್ನೂ ಕರೆದುಕೊಂಡು ಬಾ ಎನ್ನುತ್ತಿದ್ದಾರೆ. ಮೇಲಕ್ಕೆ ದೂರು ಕೊಟ್ಟರೆ ರೌಡಿ ಶೀಟ್ ತೆರೆಯುತ್ತೇನೆ ಎಂಬ ಬೆದರಿಕೆ ಬೇರೆ. ಇದುವರೆಗೆ ಎಫ್‌ಐಆರ್ ಆಗಿಲ್ಲ. ಹೋಗದಿದ್ದರೆ ಅರೆಸ್ಟ್ ಮಾಡುತ್ತಾರಾ? ಸಹಿ ಹಾಕಿದ ಕಾಗದ ನಮ್ಮನ್ನು ಕಟ್ಟಿಹಾಕುತ್ತದೆಯೇ? ಯಾರಿಗೆ ದೂರು ಕೊಡಬೇಕು?

ಉತ್ತರ: ನಿಮ್ಮ ಪತ್ರದ ಅತಿ ಮುಖ್ಯ ಮಾತನ್ನು ನೀವು ಕೊನೆಯಲ್ಲಿ, ಹೋಗುವ ಹೊತ್ತಿಗೆ ನೆನಪಾದಂತೆ ಬರೆದಿದ್ದೀರಿ: ಎಫ್‌ಐಆರ್ ಆಗಿಲ್ಲ. ಉಳಿದೆಲ್ಲವೂ ನಿಂತಿರುವುದು ಅದರ ಮೇಲೆ. ಕ್ರೈಂ ನಂಬರ್ (ಎಫ್‌ಐಆರ್‌ಗೆ ಠಾಣೆ ಕೊಡುವ ಸಂಖ್ಯೆ) ಇಲ್ಲದಿದ್ದರೆ ತನಿಖೆ ಇಲ್ಲ. ತನಿಖೆ ಇಲ್ಲದಿದ್ದರೆ ಕಡ್ಡಾಯವಾಗಿ ಕರೆಸುವ ಅಧಿಕಾರವಿಲ್ಲ, ಮೊಬೈಲ್ ಇಟ್ಟುಕೊಳ್ಳುವ ಅಧಿಕಾರವಿಲ್ಲ. ಬೇಲಿ ಎಲ್ಲಿರಬೇಕು ಎಂದು ತೀರ್ಮಾನಿಸುವ ಅಧಿಕಾರವಂತೂ ಎಫ್‌ಐಆರ್ ಆದರೂ ಠಾಣೆಗೆ ಬರುವುದಿಲ್ಲ.

ಇಂಥ ಕಿರುಕುಳಕ್ಕೆ ಒಂದು ಸ್ವಭಾವವಿದೆ. ಅದು ಕಾಗದವಿಲ್ಲದ ಜಾಗದಲ್ಲಿ ನಡೆಯುತ್ತದೆ. ಕರೆದದ್ದು ಫೋನಿನಲ್ಲಿ, ಕೂರಿಸಿದ್ದು ಬೆಂಚಿನ ಮೇಲೆ, ಹಣ ಕೇಳಿದ್ದು ಹೊರಗೆ ಜಗಲಿಯಲ್ಲಿ. ನಾಳೆ ಯಾರಾದರೂ ಕೇಳಿದರೆ ‘ಅರ್ಜಿ ವಿಚಾರಣೆಗೆ ಅವರೇ ಬಂದಿದ್ದರು’ ಎಂದರೆ ಮುಗಿಯಿತು. ಆದ್ದರಿಂದ ನಿಮ್ಮ ಮೊದಲ ಕೆಲಸ ದೂರು ಕೊಡುವುದಲ್ಲ, ಆಗಿದ್ದನ್ನೆಲ್ಲ ಕಾಗದಕ್ಕೆ ತರುವುದು. ಆ ಕಾಗದವೇ ಮುಂದೆ ದೂರಾಗುತ್ತದೆ.

ಫೋನ್ ಕರೆಗೂ ನೋಟಿಸಿಗೂ ಇರುವ ಅಂತರ

‘ಪೊಲೀಸರು ಕರೆದರೆ ಹೋಗಲೇಬೇಕು’ ಎಂಬುದು ಅರ್ಧ ನಿಜ. ‘ಎಫ್‌ಐಆರ್ ಇಲ್ಲದಿದ್ದರೆ ಯಾವ ಕಾಗದಕ್ಕೂ ಸೊಪ್ಪು ಹಾಕಬೇಕಿಲ್ಲ’ ಎಂದು ಊರಿನ ಬುದ್ಧಿವಂತರು ಹೇಳುವುದೂ ಅರ್ಧ ನಿಜ. ಎರಡರಿಂದಲೂ ಜನ ತೊಂದರೆಗೆ ಸಿಕ್ಕಿಬಿದ್ದಿದ್ದಾರೆ.

2024ರ ಜುಲೈ 1ರಿಂದ ಹಳೆಯ ದಂಡ ಪ್ರಕ್ರಿಯಾ ಸಂಹಿತೆಯ ಬದಲು ಭಾರತೀಯ ನಾಗರಿಕ ಸುರಕ್ಷಾ ಸಂಹಿತೆ ಜಾರಿಯಲ್ಲಿದೆ. ಅದರಲ್ಲಿ ನಿಮಗೆ ಸಂಬಂಧಿಸಿದ ನೋಟಿಸುಗಳು ಎರಡು. ಆರೋಪಿ ಎಂದು ಕರೆಸುವುದಾದರೆ ಕಲಂ 35(3)ರ ನೋಟಿಸು, ಅಂದರೆ ಹಳೆಯ 41ಎ. ಸಾಕ್ಷಿಯಾಗಿ, ವಿಷಯ ತಿಳಿದವರಾಗಿ ಕರೆಸುವುದಾದರೆ ಕಲಂ 179ರ ಲಿಖಿತ ಆದೇಶ, ಹಳೆಯ 160. ಇವೆರಡರಲ್ಲಿ ಯಾವುದು ಕೈಗೆ ಬಂದರೂ ಉದಾಸೀನ ಮಾಡಬೇಡಿ. 35(3)ರ ನೋಟಿಸಿಗೆ ಹಾಜರಾಗುತ್ತಾ ಸಹಕರಿಸಿದರೆ, ಕಾರಣ ಬರೆದಿಡದೆ ಬಂಧಿಸುವಂತಿಲ್ಲ. ಹಾಜರಾಗದಿದ್ದರೆ ಅದೇ ಬಂಧನಕ್ಕೆ ದಾರಿಯಾಗುತ್ತದೆ. ನೋಟಿಸಿನಲ್ಲಿ ಕ್ರೈಂ ನಂಬರ್, ಆರೋಪದ ಕಲಂ ಇರಬೇಕು, ಎಫ್‌ಐಆರ್ ಪ್ರತಿ ಲಗತ್ತಾಗಿರಬೇಕು. ಇಲ್ಲದಿದ್ದರೆ ಹಾಜರಾಗುವ ಬಾಧ್ಯತೆ ಇಲ್ಲ ಎಂದು ಕರ್ನಾಟಕ ಹೈಕೋರ್ಟ್ 2024ರ ಜುಲೈನಲ್ಲಿ ಹೇಳಿದೆ. ವಾಟ್ಸಾಪ್‌ನಲ್ಲಿ ಕಳಿಸಿದ್ದು ಈ ಕಲಮಿನ ನೋಟಿಸಾಗುವುದಿಲ್ಲ ಎಂದು ಸುಪ್ರೀಂ ಕೋರ್ಟ್ 2025ರ ಜನವರಿಯಲ್ಲಿ ಸ್ಪಷ್ಟಪಡಿಸಿದೆ.

ನಿಮ್ಮ ತಾಯಿಯ ವಿಷಯದಲ್ಲಿ ಗೊಂದಲವೇ ಇಲ್ಲ. ಹೆಂಗಸರನ್ನು, 60 ದಾಟಿದ ಅಥವಾ 15ರೊಳಗಿನ ಗಂಡಸರನ್ನು, ಅಂಗವಿಕಲರನ್ನು, ತೀವ್ರ ಕಾಯಿಲೆಯವರನ್ನು ಕಲಂ 179ರಡಿ ಅವರು ವಾಸಿಸುವ ಜಾಗ ಬಿಟ್ಟು ಬೇರೆಡೆಗೆ ಕರೆಸುವಂತಿಲ್ಲ. ಹೇಳಿಕೆ ಬೇಕಿದ್ದರೆ ಪೊಲೀಸರೇ ಮನೆಗೆ ಬರಬೇಕು. ಗೊತ್ತಿದ್ದೂ ಈ ನಿಷೇಧ ಮೀರಿ ಕರೆಸುವುದು ಭಾರತೀಯ ನ್ಯಾಯ ಸಂಹಿತೆಯ ಕಲಂ 199ರಡಿ ಅಪರಾಧ, ಶಿಕ್ಷೆ 6 ತಿಂಗಳಿಂದ 2 ವರ್ಷ. ಅಮ್ಮನನ್ನು ಕರೆದುಕೊಂಡು ಹೋಗಬೇಡಿ. ‘ಒಂದು ಸಹಿ ಹಾಕಿ ಬರಲಿ’ ಎಂದರೂ ಬೇಡ. ಪಹಣಿ ಅವರ ಹೆಸರಿನಲ್ಲಿರುವಾಗ ಆ ಒಂದು ಸಹಿಗಾಗಿಯೇ ಕರೆಯುತ್ತಿರುವುದು ಎಂದು ನನ್ನ ಅನುಮಾನ.

ಇನ್ನು ‘ಅರ್ಜಿ ವಿಚಾರಣೆ’. ಠಾಣೆಗೆ ಬಂದ ದೂರಿನಲ್ಲಿ ಸಂಜ್ಞೇಯ ಅಪರಾಧ, ಅಂದರೆ ಕೋರ್ಟಿನ ಅನುಮತಿಯಿಲ್ಲದೆ ಪೊಲೀಸರು ತನಿಖೆ ಮಾಡಬಹುದಾದ ಅಪರಾಧ ಕಂಡರೆ ಎಫ್‌ಐಆರ್ ಆಗಬೇಕು; ಸುಪ್ರೀಂ ಕೋರ್ಟ್ ಇದನ್ನು 2013ರಲ್ಲೇ ಲಲಿತಾ ಕುಮಾರಿ ತೀರ್ಪಿನಲ್ಲಿ ಕಡ್ಡಾಯ ಮಾಡಿದೆ. 3ರಿಂದ 7 ವರ್ಷದೊಳಗಿನ ಶಿಕ್ಷೆಯ ಅಪರಾಧವಾದರೆ ಡಿವೈಎಸ್‌ಪಿ ಅನುಮತಿಯೊಂದಿಗೆ 14 ದಿನದ ಪ್ರಾಥಮಿಕ ವಿಚಾರಣೆಗೆ ಕಲಂ 173(3)ರಲ್ಲಿ ಅವಕಾಶವಿದೆ. ಅಸಂಜ್ಞೇಯವಾದರೆ ಪುಸ್ತಕದಲ್ಲಿ ಬರೆದುಕೊಂಡು ದೂರುದಾರರನ್ನು ಮ್ಯಾಜಿಸ್ಟ್ರೇಟರ ಬಳಿಗೆ ಕಳಿಸಬೇಕು. ಶುದ್ಧ ಗಡಿ ತಕರಾರಾದರೆ ‘ಸಿವಿಲ್ ಸ್ವರೂಪದ್ದು, ನ್ಯಾಯಾಲಯದಲ್ಲಿ ಬಗೆಹರಿಸಿಕೊಳ್ಳಿ’ ಎಂದು ಹಿಂಬರಹ ಕೊಟ್ಟು ಮುಗಿಸಬೇಕು. ಮೂರು ವಾರ ಎಳೆದಾಡಿ, ಒಂದು ಕಡೆಯವರನ್ನು ಮಾತ್ರ ಕೂರಿಸುವುದಕ್ಕೆ ಈ ಯಾವುದರಲ್ಲೂ ಜಾಗವಿಲ್ಲ.

ಹಾಗಾದರೆ ಇದು ಯಾಕೆ ನಡೆಯುತ್ತದೆ? ಸಿವಿಲ್ ದಾವೆ ವರ್ಷಗಟ್ಟಲೆ ಎಳೆಯುತ್ತದೆ, ಸರ್ವೆಯವರು ಬರಲು ತಿಂಗಳುಗಳಾಗುತ್ತವೆ, ಠಾಣೆಯಲ್ಲಿ ಎಂಟು ದಿನದಲ್ಲಿ ‘ರಾಜಿ’ ಆಗುತ್ತದೆ. ಎದುರುಪಕ್ಷ ಹಾಕಿದ ಲೆಕ್ಕ ಇಷ್ಟೇ. ಎಲ್ಲ ಠಾಣೆಯಲ್ಲೂ ದುರುದ್ದೇಶವೇ ಇರುತ್ತದೆಂದಲ್ಲ. ಹಳ್ಳಿಯ ಜಗಳ ಹೊಡೆದಾಟಕ್ಕೆ ತಿರುಗುವ ಮೊದಲೇ ತಣ್ಣಗಾಗಿಸೋಣ ಎಂದು ಪ್ರಾಮಾಣಿಕವಾಗಿ ಕರೆಸುವ ಅಧಿಕಾರಿಗಳೂ ಇದ್ದಾರೆ. ಆದರೆ ಕೆನ್ನೆಗೆ ಹೊಡೆದ ಮೇಲೆ, ಹಣದ ಮಾತು ಬಂದ ಮೇಲೆ ಆ ಸಮಜಾಯಿಷಿ ನಿಲ್ಲುವುದಿಲ್ಲ.

ಮುಂದಿನ ಫೋನ್ ಬಂದಾಗ ಮಾತು ಚಿಕ್ಕದಿರಲಿ: ‘ಸರ್, ಬರುವುದಕ್ಕೆ ತಕರಾರಿಲ್ಲ, ಲಿಖಿತ ನೋಟಿಸ್ ಕೊಡಿ, ವಕೀಲರ ಜೊತೆ ಬರುತ್ತೇನೆ.’ ವಾದಕ್ಕಿಳಿಯಬೇಡಿ, ಕಾನೂನು ಪಾಠ ಬೇಡ. ಫೋನ್ ಇಟ್ಟ ಕೂಡಲೇ ಒಂದು ನೋಟ್‌ಬುಕ್ಕಿನಲ್ಲಿ ದಿನಾಂಕ, ಹೊತ್ತು, ಯಾವ ನಂಬರಿನಿಂದ ಬಂತು, ಏನು ಹೇಳಿದರು ಬರೆದಿಡಿ. ಹಿಂದಿನ ನಾಲ್ಕು ಭೇಟಿಗಳನ್ನೂ ನೆನಪಿರುವಷ್ಟು ಈಗಲೇ ಬರೆಯಿರಿ. ಬಸ್ ಟಿಕೆಟ್, ಹೋಟೆಲ್ ಬಿಲ್, ಅಂದು ತೋಟದ ಕೆಲಸಕ್ಕೆ ಬಂದ ಆಳಿಗೆ ನೀವಿಲ್ಲವೆಂದು ಮನೆಯವರು ಹೇಳಿದ್ದು, ಇವೆಲ್ಲ ಮುಂದೆ ದಿನಾಂಕವನ್ನು ಗಟ್ಟಿ ಮಾಡುತ್ತವೆ.

ಆ ಮುಚ್ಚಳಿಕೆ

ಇದರ ಮೇಲೆ ಸ್ವಲ್ಪ ಹೆಚ್ಚು ಹೇಳಬೇಕು, ಯಾಕೆಂದರೆ ನಿಮಗೆ ನಿಜವಾಗಿ ಪೆಟ್ಟು ಕೊಡಬಲ್ಲದ್ದು ಕೆನ್ನೆಯ ಏಟಲ್ಲ, ಈ ಕಾಗದ.

ಶಾಂತಿ ಕಾಪಾಡುವ ಬಾಂಡ್ ಬರೆಸಿಕೊಳ್ಳುವ ಅಧಿಕಾರ ಕಾರ್ಯನಿರ್ವಾಹಕ ಮ್ಯಾಜಿಸ್ಟ್ರೇಟರಿಗೆ ಇದೆ; ತಾಲೂಕಿನಲ್ಲಿ ಸಾಮಾನ್ಯವಾಗಿ ಅದು ತಹಶೀಲ್ದಾರರು. ಕಲಂ 126ರಂತೆ ಕಾರಣ ಕೇಳುವ ನೋಟಿಸ್ ಕೊಟ್ಟು, ವಿಚಾರಣೆ ನಡೆಸಿ, ಆಮೇಲೆ. ಅದೂ ಶಾಂತಿಪಾಲನೆಗೆ ಮಾತ್ರ, ಜಮೀನು ಬಿಟ್ಟುಕೊಡುವುದಕ್ಕಲ್ಲ. ಠಾಣೆಯಲ್ಲಿ ಎಸ್‌ಐ ಬರೆಸಿಕೊಂಡ ಕಾಗದಕ್ಕೆ ಆ ಬಲ ಇಲ್ಲ. ಸ್ಥಿರಾಸ್ತಿಯ ಹಕ್ಕು ನೋಂದಣಿಯಿಲ್ಲದ ಕಾಗದದಿಂದ ಕೈಬದಲಾಗುವುದೂ ಇಲ್ಲ. ಜಮೀನು ಅಮ್ಮನ ಹೆಸರಿನಲ್ಲಿರುವಾಗ ನಿಮ್ಮ ಸಹಿಯಿಂದ ಅವರ ಹಕ್ಕು ಹೋಗುವ ಪ್ರಶ್ನೆಯೇ ಬರುವುದಿಲ್ಲ.

ಹಾಗೆಂದು ಸುಮ್ಮನಿದ್ದರೆ? ಕರಾರು ಕಾಯಿದೆಯ ಪ್ರಕಾರ ಬಲವಂತದಿಂದ ಪಡೆದ ಒಪ್ಪಿಗೆ ತಾನಾಗಿ ರದ್ದಾಗುವುದಿಲ್ಲ, ಒಪ್ಪಿದವನು ಅದನ್ನು ರದ್ದುಪಡಿಸಬಹುದು. ಅಂದರೆ ನೀವು ಬಾಯಿಬಿಡಬೇಕು. ಎರಡು ವರ್ಷದ ನಂತರ ಎದುರುಪಕ್ಷ ಇದನ್ನೇ ಸಿವಿಲ್ ಕೋರ್ಟಿನಲ್ಲಿ ತೆಗೆದು ‘ಒತ್ತುವರಿಯನ್ನು ಇವರೇ ಒಪ್ಪಿಕೊಂಡಿದ್ದಾರೆ’ ಎನ್ನುತ್ತದೆ. ಆಗ ‘ಹೊಡೆದು ಬರೆಸಿಕೊಂಡರು’ ಎಂದು ನೀವು ಹೇಳಿದರೆ, ನ್ಯಾಯಾಧೀಶರು ಕೇಳುವ ಮೊದಲ ಪ್ರಶ್ನೆ: ಇಷ್ಟು ದಿನ ಯಾಕೆ ಹೇಳಲಿಲ್ಲ? ಈ ವಾರದೊಳಗೆ ನಿರಾಕರಣೆಯ ಪತ್ರ ಹೋಗಿದ್ದರೆ ಆ ಪ್ರಶ್ನೆಗೆ ಉತ್ತರ ಅಂಚೆ ರಸೀದಿಯಲ್ಲೇ ಇರುತ್ತದೆ.

ಪತ್ರ ಜಿಲ್ಲಾ ಪೊಲೀಸ್ ವರಿಷ್ಠಾಧಿಕಾರಿಗಳಿಗೆ, ಪ್ರತಿ ಡಿವೈಎಸ್‌ಪಿಯವರಿಗೆ. ಒಂದೂವರೆ ಪುಟ ದಾಟುವುದು ಬೇಡ. ಧಾಟಿ ಹೀಗಿರಲಿ:

‘ಮಾನ್ಯರೇ, ದಿನಾಂಕ … ರಂದು ಬೆಳಿಗ್ಗೆ ಸುಮಾರು 10.30ಕ್ಕೆ … ಠಾಣೆಯಿಂದ ಬಂದ ದೂರವಾಣಿ ಕರೆಯಂತೆ ಠಾಣೆಗೆ ಹಾಜರಾಗಿರುತ್ತೇನೆ. ನನಗೆ ಯಾವುದೇ ಲಿಖಿತ ನೋಟಿಸ್ ನೀಡಿರುವುದಿಲ್ಲ. ನನ್ನ ಮೇಲೆ ಯಾವುದೇ ಪ್ರಕರಣ ದಾಖಲಾಗಿರುವುದು ನನಗೆ ತಿಳಿದಿರುವುದಿಲ್ಲ. ಸಂಜೆ 6.30ರವರೆಗೆ ಕೂರಿಸಿಕೊಂಡಿರುತ್ತಾರೆ. ಸುಮಾರು 4 ಗಂಟೆಗೆ ಠಾಣಾಧಿಕಾರಿಗಳ ಕೋಣೆಯಲ್ಲಿ ನನ್ನ ಎಡಕೆನ್ನೆಗೆ ಒಮ್ಮೆ ಹೊಡೆದು, ಅವರು ಹೇಳಿದಂತೆ ಬರೆಸಿ ಸಹಿ ಪಡೆದಿರುತ್ತಾರೆ. ಸದರಿ ಬರಹ ನನ್ನ ಸ್ವಇಚ್ಛೆಯದಲ್ಲ. ಅದನ್ನು ನಾನು ನಿರಾಕರಿಸಿರುತ್ತೇನೆ. ಅದರ ಪ್ರತಿಯನ್ನು ನನಗೆ ನೀಡಿರುವುದಿಲ್ಲ. ನನ್ನ ಮೊಬೈಲ್ ಮತ್ತು ವಾಹನದ ಕೀಲಿಯನ್ನು ಮಹಜರು ಇಲ್ಲದೆ ಇಟ್ಟುಕೊಂಡಿರುತ್ತಾರೆ. ಸದರಿ ದಿನದ ಬೆಳಿಗ್ಗೆ 10ರಿಂದ ಸಂಜೆ 7ರವರೆಗಿನ ಸಿಸಿಟಿವಿ ದೃಶ್ಯಾವಳಿಯನ್ನು ಅಳಿಸದಂತೆ ಸಂರಕ್ಷಿಸಲು ಆದೇಶಿಸಬೇಕು. ಈ ಮನವಿಯ ವಿಚಾರಣೆಯನ್ನು ಅದೇ ಠಾಣೆಗೆ ವಹಿಸದಿರಲು ಕೋರುತ್ತೇನೆ.’

ಒಮ್ಮೆ ಹೊಡೆದಿದ್ದರೆ ಒಮ್ಮೆ ಎಂದೇ ಬರೆಯಿರಿ. ‘ಮಾರಣಾಂತಿಕ ಹಲ್ಲೆ’, ‘ಕೊಲೆ ಬೆದರಿಕೆ’ ಎಂದೆಲ್ಲ ಟೈಪಿಂಗ್ ಅಂಗಡಿಯವರು ಸೇರಿಸುತ್ತಾರೆ, ಅವರಿಗೆ ಅದು ಅಭ್ಯಾಸ. ದೃಶ್ಯಾವಳಿಯಲ್ಲಿ ಒಂದು ಏಟು ಕಂಡು ಕಾಗದದಲ್ಲಿ ಹತ್ತು ಇದ್ದರೆ ಆ ಒಂದೂ ಸುಳ್ಳಾಗುತ್ತದೆ. ಮೇಲಾಗಿ ಸಾರ್ವಜನಿಕ ನೌಕರನಿಗೆ ಸುಳ್ಳು ಮಾಹಿತಿ ಕೊಟ್ಟರೆಂದು ನ್ಯಾಯ ಸಂಹಿತೆಯ ಕಲಂ 217ರಡಿ ನಿಮ್ಮ ಮೇಲೆಯೇ ತಿರುಗಿಸಲು ಅವಕಾಶವಾಗುತ್ತದೆ.

ರಿಜಿಸ್ಟರ್ಡ್ ಪೋಸ್ಟ್ ಈಗ ಸ್ಪೀಡ್ ಪೋಸ್ಟಿನಲ್ಲಿ ವಿಲೀನವಾಗಿದೆ. ಕೌಂಟರಿನಲ್ಲಿ ವಿಳಾಸದಾರರಿಗೇ ತಲುಪಿಸುವ ನೋಂದಣಿ ಸೌಲಭ್ಯವನ್ನು ಕೇಳಿ ಪಡೆಯಿರಿ, ತಲುಪಿದ್ದಕ್ಕೆ ಪುರಾವೆ ಇಟ್ಟುಕೊಳ್ಳಿ. ಜೊತೆಗೆ ಎಸ್‌ಪಿ ಕಚೇರಿಯ ಟಪಾಲು ವಿಭಾಗಕ್ಕೆ ಹೋಗಿ ಇನ್ನೊಂದು ಪ್ರತಿಯ ಮೇಲೆ ಮೊಹರು, ದಿನಾಂಕ ಹಾಕಿಸಿಕೊಂಡರೆ ಇನ್ನೂ ಗಟ್ಟಿ.

ಸಿಸಿಟಿವಿ ಬಗ್ಗೆ ಎರಡು ಮಾತು. 2020ರ ಡಿಸೆಂಬರ್ 2ರ ಪರಮ್‌ವೀರ್ ಸಿಂಗ್ ಸೈನಿ ತೀರ್ಪಿನಲ್ಲಿ ಸುಪ್ರೀಂ ಕೋರ್ಟ್ ಪ್ರತಿ ಠಾಣೆಯ ದ್ವಾರ, ಲಾಕಪ್, ಪಡಸಾಲೆಗಳಲ್ಲಷ್ಟೇ ಅಲ್ಲ, ಇನ್ಸ್‌ಪೆಕ್ಟರ್ ಮತ್ತು ಎಸ್‌ಐ ಕೋಣೆಗಳಲ್ಲೂ ಧ್ವನಿ ಸಹಿತ ಕ್ಯಾಮೆರಾ ಇರಬೇಕು, ದೃಶ್ಯಾವಳಿಯನ್ನು 18 ತಿಂಗಳು, ಅದು ಆಗದಿದ್ದರೆ ಕನಿಷ್ಠ ಒಂದು ವರ್ಷ ಇಡಬೇಕು ಎಂದಿದೆ. ವಾಸ್ತವ ಬೇರೆ: ಕ್ಯಾಮೆರಾ ಕೆಟ್ಟಿರುತ್ತದೆ, ಹಾರ್ಡ್ ಡಿಸ್ಕ್ ತುಂಬಿ ಹಳೆಯದು ಅಳಿಸಿರುತ್ತದೆ. ಆದರೂ ಕೇಳಿ. ಲಿಖಿತವಾಗಿ ಕೇಳಿದ ಮೇಲೂ ಅಳಿಸಿದ್ದಾರೆ ಎಂದರೆ ಅದೇ ಒಂದು ಪ್ರಶ್ನೆಯಾಗಿ ಅವರನ್ನು ಕಾಡುತ್ತದೆ. ಮಾಹಿತಿ ಹಕ್ಕಿನಡಿ 10 ರೂಪಾಯಿ ಪೋಸ್ಟಲ್ ಆರ್ಡರ್ ಇಟ್ಟು ಎದುರುಪಕ್ಷದ ಅರ್ಜಿಯ ಪ್ರತಿ, ಅರ್ಜಿ ನಂಬರ್, ಅದರ ಮೇಲಿನ ಕ್ರಮದ ವಿವರ ಕೇಳಿ. ಕರ್ನಾಟಕದ ನಿಯಮದಲ್ಲಿ ಒಂದು ಅರ್ಜಿಗೆ ಒಂದೇ ವಿಷಯ, 150 ಪದದ ಮಿತಿ ಇದೆ. ಸಿಸಿಟಿವಿಗೆ ಬೇರೆ ಅರ್ಜಿ ಹಾಕಿ.

ಬೈಕ್ ಕೀ, ಮೊಬೈಲ್, 20 ಸಾವಿರ

ಕಳವಿನದೆಂಬ ಅಥವಾ ಅಪರಾಧಕ್ಕೆ ಸಂಬಂಧಿಸಿದ್ದೆಂಬ ಅನುಮಾನವಿದ್ದಾಗ ಮಾತ್ರ ನಾಗರಿಕ ಸುರಕ್ಷಾ ಸಂಹಿತೆಯ ಕಲಂ 106ರಡಿ ವಸ್ತು ಜಪ್ತಿ ಮಾಡಬಹುದು, ಅದನ್ನು ಮ್ಯಾಜಿಸ್ಟ್ರೇಟರಿಗೆ ವರದಿ ಮಾಡಬೇಕು. ವರದಿಯಾಗಿದ್ದರೆ ಬಿಡಿಸಿಕೊಳ್ಳಲು ಕೋರ್ಟಿಗೆ ಕಲಂ 503ರ ಅರ್ಜಿ ಸಾಕು. ಗಡಿ ತಕರಾರಿಗೆ ಬೈಕ್ ಕೀ ಏನು ಸಂಬಂಧ ಎಂದು ಯಾವ ಮ್ಯಾಜಿಸ್ಟ್ರೇಟರೂ ಕೇಳುತ್ತಾರೆ. ವರದಿಯೇ ಇಲ್ಲವೆಂದರೆ ಅದು ಜಪ್ತಿಯಲ್ಲ, ಸುಮ್ಮನೆ ಇಟ್ಟುಕೊಂಡಿರುವುದು. ಎಸ್‌ಪಿಯವರಿಗೆ ಪತ್ರ ಹೋದ ಮೇಲೆ ಇವು ಹೆಚ್ಚಾಗಿ ತಾವಾಗಿಯೇ ವಾಪಸ್ ಬರುತ್ತವೆ. ಬಂದಾಗ ‘ಎಲ್ಲ ಸರಿಯಾಗಿದೆ, ಯಾರ ಮೇಲೂ ದೂರಿಲ್ಲ’ ಎಂಬ ಕಾಗದಕ್ಕೆ ಸಹಿ ಕೇಳುತ್ತಾರೆ. ‘ವಸ್ತುಗಳನ್ನು ಈ ದಿನ, ಈ ಹೊತ್ತಿಗೆ ಪಡೆದಿದ್ದೇನೆ’ ಎಂದಷ್ಟೇ ಬರೆದು ಸಹಿ ಮಾಡಿ.

ಹಣದ ವಿಚಾರ ಲೋಕಾಯುಕ್ತ ಪೊಲೀಸರದ್ದು. ಭ್ರಷ್ಟಾಚಾರ ನಿಗ್ರಹ ದಳವನ್ನು ಹೈಕೋರ್ಟ್ 2022ರ ಆಗಸ್ಟಿನಲ್ಲಿ ರದ್ದುಪಡಿಸಿದ ಮೇಲೆ ಈ ಪ್ರಕರಣಗಳು ಮತ್ತೆ ಅಲ್ಲಿಗೇ ಬಂದಿವೆ, ಜಿಲ್ಲಾ ಕೇಂದ್ರದಲ್ಲಿ ಅವರ ಠಾಣೆ ಇದೆ. ನೀವು ಇನ್ನೂ ಹಣ ಕೊಟ್ಟಿಲ್ಲವಾದ್ದರಿಂದ ಟ್ರ್ಯಾಪ್‌ಗೆ, ಅಂದರೆ ಲಂಚ ಪಡೆಯುವಾಗಲೇ ಹಿಡಿಯುವುದಕ್ಕೆ ಅವಕಾಶವಿದೆ. ಆದರೆ ಲೋಕಾಯುಕ್ತಕ್ಕೆ ಹೋಗುವುದಾದರೆ ಮೊದಲು ಅಲ್ಲಿಗೆ ಹೋಗಿ, ಎಸ್‌ಪಿಗೆ ಪತ್ರ ಆಮೇಲೆ. ಪತ್ರ ಮೊದಲು ಹೋದರೆ ಠಾಣೆಯವರು ಎಚ್ಚೆತ್ತು ಹಣದ ಮಾತೇ ಎತ್ತುವುದಿಲ್ಲ. ಈ ಕ್ರಮ ತಪ್ಪಿ ಟ್ರ್ಯಾಪ್ ಕೈಕೊಟ್ಟ ಉದಾಹರಣೆಗಳು ಬೇಕಾದಷ್ಟಿವೆ. ಟ್ರ್ಯಾಪ್‌ನಲ್ಲಿ ನೋಟು ಕೊಟ್ಟರೆ ಸಾಲದು, ಅವರು ಬಾಯಿಬಿಟ್ಟು ಕೇಳಿದ್ದೂ ಸಾಬೀತಾಗಬೇಕು. ಅದಕ್ಕೇ ಮೊದಲು ಧ್ವನಿಮುದ್ರಿಕೆಗೆ ಒತ್ತು ಕೊಡುತ್ತಾರೆ. ಈಗಾಗಲೇ ಕೊಟ್ಟುಬಿಟ್ಟವರಿಗೆ ಒಂದು ಎಚ್ಚರಿಕೆ: 2018ರ ತಿದ್ದುಪಡಿಯಿಂದ ಲಂಚ ಕೊಡುವುದೂ ಅಪರಾಧ. ಒತ್ತಾಯಕ್ಕೆ ಕೊಟ್ಟದ್ದಾದರೆ 7 ದಿನದೊಳಗೆ ವರದಿ ಮಾಡಿದವರಿಗೆ ಮಾತ್ರ ರಕ್ಷಣೆ.

ನಿಮ್ಮ ಬಳಿ ಉಳಿದಿರುವ ಇನ್ನೊಂದು ಫೋನಿನಲ್ಲಿ ಕರೆ ರೆಕಾರ್ಡ್ ಆಗಿದ್ದರೆ ಆ ಫೋನನ್ನೇ ಜೋಪಾನ ಮಾಡಿ. ವಾಟ್ಸಾಪ್‌ನಲ್ಲಿ ಮಗಳಿಗೆ ಕಳಿಸಿ ಮೂಲ ಅಳಿಸಿಬಿಟ್ಟರೆ ಸಾಕ್ಷ್ಯ ದುರ್ಬಲವಾಗುತ್ತದೆ. ಹೊಸ ಸಾಕ್ಷ್ಯ ಅಧಿನಿಯಮದ ಕಲಂ 63(4)ರ ಪ್ರಮಾಣಪತ್ರದಲ್ಲಿ ಫೈಲಿನ ಹ್ಯಾಶ್ ಮೌಲ್ಯ (ಫೈಲ್ ತಿದ್ದಿಲ್ಲವೆಂದು ತೋರಿಸುವ ಗುರುತು ಸಂಖ್ಯೆ) ನಮೂದಿಸಬೇಕು, ಅದನ್ನು ವಕೀಲರು ಮಾಡಿಸುತ್ತಾರೆ.

ಮೇಲಿನ ಬಾಗಿಲುಗಳು

ಎಸ್‌ಪಿ ಕಚೇರಿಯಿಂದ ಏನೂ ಆಗುವುದಿಲ್ಲ ಎಂಬ ಮಾತು ಸಾಮಾನ್ಯ. ಆದರೂ ಆ ಮೆಟ್ಟಿಲು ಹತ್ತದೆ ಮುಂದಿನದು ತೆರೆಯುವುದಿಲ್ಲ. ಹೈಕೋರ್ಟಿಗೆ ಹೋದರೂ ಮೇಲಧಿಕಾರಿಗೆ ಮನವಿ ಕೊಟ್ಟಿದ್ದೀರಾ ಎಂಬುದೇ ಮೊದಲ ಪ್ರಶ್ನೆ. ಎಸ್‌ಪಿಯವರು ಡಿವೈಎಸ್‌ಪಿಗೆ ಕಳಿಸುತ್ತಾರೆ, ಡಿವೈಎಸ್‌ಪಿ ನಿಮ್ಮ ಹೇಳಿಕೆ ಪಡೆಯುತ್ತಾರೆ. 1965ರ ಶಿಸ್ತು ನಡವಳಿ ನಿಯಮಗಳಡಿ ಇಲಾಖಾ ವಿಚಾರಣೆ ನಡೆದರೆ ಅದು ಅಧಿಕಾರಿಯ ಬಡ್ತಿಗೆ ತಟ್ಟುತ್ತದೆ. ಸರ್ವೀಸಿನಲ್ಲಿರುವವರು ಜೈಲಿಗಿಂತ ಹೆಚ್ಚು ಅಂಜುವುದು ಇದಕ್ಕೆ.

ಪೊಲೀಸ್ ದೂರು ಪ್ರಾಧಿಕಾರ ಎಂಬುದೊಂದಿದೆ ಎಂದು ಹೆಚ್ಚಿನವರಿಗೆ ಗೊತ್ತಿಲ್ಲ. ಸುಪ್ರೀಂ ಕೋರ್ಟಿನ 2006ರ ಪ್ರಕಾಶ್ ಸಿಂಗ್ ತೀರ್ಪಿನ ಫಲವಾಗಿ ಕರ್ನಾಟಕ ಪೊಲೀಸ್ ಕಾಯಿದೆಗೆ 2012ರಲ್ಲಿ ತಿದ್ದುಪಡಿಯಾಗಿ ರಾಜ್ಯ ಮತ್ತು ಜಿಲ್ಲಾ ಮಟ್ಟದಲ್ಲಿ ಪ್ರಾಧಿಕಾರಗಳು ಬಂದವು. ಡಿವೈಎಸ್‌ಪಿ ದರ್ಜೆವರೆಗಿನವರ ವಿಚಾರ ಜಿಲ್ಲಾ ಪ್ರಾಧಿಕಾರಕ್ಕೆ, ಅದರ ಮೇಲಿನವರದು ರಾಜ್ಯಕ್ಕೆ. ಕಾಗದದ ಮೇಲೆ ನಿಮಗೆ ಹೇಳಿ ಮಾಡಿಸಿದ ಜಾಗ. ಕೆಲಸದಲ್ಲಿ ಜಿಲ್ಲೆಯಿಂದ ಜಿಲ್ಲೆಗೆ ಅಜಗಜಾಂತರ. ಒಂದು ಪ್ರತಿ ಕಳಿಸಿ, ಅದನ್ನೇ ನಂಬಿ ಕೂರಬೇಡಿ.

ರಾಜ್ಯ ಮಾನವ ಹಕ್ಕುಗಳ ಆಯೋಗಕ್ಕೆ ವಕೀಲರು ಬೇಕಿಲ್ಲ, ಶುಲ್ಕವಿಲ್ಲ, ಬಿಳಿ ಹಾಳೆಯಲ್ಲಿ ಕನ್ನಡದಲ್ಲಿ ಬರೆದರಾಯಿತು. ಘಟನೆಯಾದ ಒಂದು ವರ್ಷದೊಳಗೆ ಕೊಡಬೇಕು. ಆಯೋಗ ಪೊಲೀಸರಿಂದ ವರದಿ ತರಿಸಿ ನಿಮ್ಮ ಆಕ್ಷೇಪಣೆ ಕೇಳಿದಾಗ ಹಲವರು ಸುಮ್ಮನಿದ್ದುಬಿಡುತ್ತಾರೆ, ಕಡತ ಅಲ್ಲೇ ಮುಚ್ಚುತ್ತದೆ. ವರದಿಯ ಪ್ರತಿ ಸಾಲಿಗೂ ಉತ್ತರ ಬರೆಯಿರಿ. ಆಯೋಗ ಕೊಡುವುದು ಶಿಫಾರಸು, ತೀರ್ಪಲ್ಲ. ಅದೇ ವಿಷಯ ಕೋರ್ಟಿನಲ್ಲಿದ್ದರೆ ಸಾಮಾನ್ಯವಾಗಿ ಕೈಬಿಡುತ್ತದೆ. ಹಾಗಾಗಿ ಖಾಸಗಿ ದೂರಿನ ಯೋಚನೆ ಇದ್ದರೆ ಯಾವುದು ಮೊದಲು ಎಂದು ವಕೀಲರ ಜೊತೆ ಕೂತು ತೀರ್ಮಾನಿಸಿ.

ಖಾಸಗಿ ದೂರು, ಕೋರ್ಟಿನ ಭಾಷೆಯಲ್ಲಿ ಪಿಸಿಆರ್, ಎಲ್ಲಕ್ಕಿಂತ ಮೊನಚಾದ ಅಸ್ತ್ರ. ಎಲ್ಲಕ್ಕಿಂತ ನಿಧಾನವೂ ಹೌದು. ಠಾಣೆ, ಎಸ್‌ಪಿ ಎರಡೂ ಕಡೆ ಅರ್ಜಿ ಕೊಟ್ಟ ರಸೀದಿ ಮತ್ತು ಅಫಿಡವಿಟ್ ಸಮೇತ ಜೆಎಂಎಫ್‌ಸಿ (ಪ್ರಥಮ ದರ್ಜೆ ಮ್ಯಾಜಿಸ್ಟ್ರೇಟ್) ನ್ಯಾಯಾಲಯದಲ್ಲಿ ತನಿಖೆಗೆ ಆದೇಶ ಕೋರಬಹುದು, ಕಲಂ 175(3). ಇಲ್ಲವೇ 223ರಡಿ ನೇರ ದೂರು ಕೊಟ್ಟು ಸಾಕ್ಷಿ ಹೇಳಬಹುದು. ಅಕ್ರಮವಾಗಿ ಕೂರಿಸಿದ್ದು, ಬಲವಂತಕ್ಕೆ ಹೊಡೆದದ್ದು, ಕಾನೂನು ಮೀರಿ ಕರೆಸಿದ್ದು ಎಲ್ಲಕ್ಕೂ ನ್ಯಾಯ ಸಂಹಿತೆಯಲ್ಲಿ ಕಲಂಗಳಿವೆ. ತೊಡಕಿರುವುದು ಮುಂದೆ. ಹೊಸ ಕಾನೂನಿನಲ್ಲಿ ಸಾರ್ವಜನಿಕ ನೌಕರನ ಮೇಲೆ ದೂರು ಬಂದರೆ ಮೇಲಧಿಕಾರಿಯ ವರದಿ ತರಿಸಿ, ಆ ನೌಕರನ ಮಾತನ್ನೂ ಕೇಳಿಯೇ ಮುಂದುವರಿಯಬೇಕು. ಅದು ದಾಟಿದರೆ ಸರ್ಕಾರದ ಪೂರ್ವಾನುಮತಿಯ ಪ್ರಶ್ನೆ, ಕಲಂ 218. ಅದರ ಜೊತೆಗೆ ಕರ್ನಾಟಕ ಪೊಲೀಸ್ ಕಾಯಿದೆಯ ಕಲಂ 170 ಇನ್ನೊಂದು ಬೀಗ. ಕರ್ತವ್ಯದ ಜೊತೆ ನಂಟಿರುವ ಕೃತ್ಯವಾದರೆ ಅದು ಅತಿರೇಕವೇ ಆಗಿದ್ದರೂ ಅನುಮತಿ ಬೇಕು ಎಂದು ಬೆಂಗಳೂರಿನದೇ ಪ್ರಕರಣವೊಂದರಲ್ಲಿ ಸುಪ್ರೀಂ ಕೋರ್ಟ್ 2020ರಲ್ಲಿ ಹೇಳಿದೆ. ‘ಕ್ರೈಂ ನಂಬರೇ ಇಲ್ಲದೆ ಬೇಲಿ ಕೀಳಿಸುವುದು ಯಾವ ಕರ್ತವ್ಯ?’ ಎಂಬುದು ನಿಮ್ಮ ವಾದ. ಒಳ್ಳೆಯ ವಾದ, ಆದರೆ ಅದು ತೀರ್ಮಾನವಾಗಲು ಮೂರ್ನಾಲ್ಕು ವರ್ಷ ಹಿಡಿದರೆ ಆಶ್ಚರ್ಯಪಡಬೇಡಿ. ಒಂದು ವರ್ಷದವರೆಗಿನ ಶಿಕ್ಷೆಯ ಅಪರಾಧಗಳಿಗೆ ದೂರಿನ ಕಾಲಮಿತಿ ಒಂದೇ ವರ್ಷ ಎಂಬುದೂ ನೆನಪಿರಲಿ.

ಏಟಿಗೆ ವೈದ್ಯಕೀಯ ದಾಖಲೆ ಇದೆಯೇ ಎಂದು ನೀವು ಬರೆದಿಲ್ಲ. ಕೆನ್ನೆಯ ಏಟಿನ ಗುರುತು ಮೂರ್ನಾಲ್ಕು ದಿನದಲ್ಲಿ ಮಾಯವಾಗುತ್ತದೆ, ಆದರೆ ಕಿವಿಯ ತಮಟೆಗೆ ಪೆಟ್ಟಾಗಿದ್ದರೆ ಇಎನ್‌ಟಿ ವೈದ್ಯರಿಗೆ ಕಾಣುತ್ತದೆ. ಕಿವಿಯಲ್ಲಿ ಗುಂಯ್‌ಗುಡುವುದು, ಮಂದವಾಗಿ ಕೇಳುವುದು ಇದ್ದರೆ ಇವತ್ತೇ ತಾಲೂಕು ಆಸ್ಪತ್ರೆಗೆ ಹೋಗಿ. ಹೇಗಾಯಿತೆಂದು ಕೇಳಿದಾಗ ಬಿದ್ದೆ ಎನ್ನಬೇಡಿ, ಆದದ್ದನ್ನು ಹೇಳಿ ಎಂಎಲ್‌ಸಿ (ಪೊಲೀಸ್ ಪ್ರಕರಣಕ್ಕೆ ಬೇಕಾಗುವ ಗಾಯದ ದಾಖಲೆ) ಮಾಡಿಸಿ.

ಹೈಕೋರ್ಟಿನ ರಿಟ್ ನಿಮ್ಮಂಥ ಪ್ರಕರಣದಲ್ಲಿ ಬೇಗ ಫಲ ಕೊಡುವುದುಂಟು. ಬೆಂಗಳೂರು, ಧಾರವಾಡ, ಕಲಬುರಗಿ ಪೀಠಗಳಲ್ಲಿ ನಿಮ್ಮ ಜಿಲ್ಲೆ ಯಾವುದಕ್ಕೆ ಬರುತ್ತದೋ ಅಲ್ಲಿ. ಹೆಚ್ಚಾಗಿ ಸರ್ಕಾರಿ ವಕೀಲರು ‘ಸಿವಿಲ್ ವಿಷಯದಲ್ಲಿ ಕೈಹಾಕುವುದಿಲ್ಲ’ ಎಂದು ಹೇಳಿಕೆ ಕೊಡುತ್ತಾರೆ, ನ್ಯಾಯಾಲಯ ಅದನ್ನು ದಾಖಲಿಸಿ ಮುಗಿಸುತ್ತದೆ. ಸಪ್ಪೆ ಎನಿಸಬಹುದು. ಆದರೆ ಆ ಒಂದು ಪುಟದ ಆದೇಶ ಠಾಣೆಗೆ ತಲುಪಿದ ಮೇಲೆ ಫೋನ್ ನಿಲ್ಲುತ್ತದೆ. ಪರಿಹಾರದ ಆಸೆ ಹೆಚ್ಚು ಇಟ್ಟುಕೊಳ್ಳಬೇಡಿ. 1993ರ ನೀಲಬತಿ ಬೆಹೆರಾ ತೀರ್ಪಿನಿಂದ ಪರಿಹಾರದ ದಾರಿ ಗಟ್ಟಿಯಾಗಿದೆ ನಿಜ, ಅದು ಕಸ್ಟಡಿ ಸಾವಿನ ಪ್ರಕರಣ.

ದೂರು ಕೊಟ್ಟರೆ ತಿರುಗುಬಾಣ?

ಈ ಭಯ ಸುಳ್ಳಲ್ಲ. ದೂರು ಕೊಟ್ಟ ಮೇಲೆ ಎದುರುಪಕ್ಷದಿಂದ ಹೊಸ ಅರ್ಜಿ ಬರೆಸಿ ಎಫ್‌ಐಆರ್ ಹಾಕುವುದುಂಟು. ಅತಿಕ್ರಮ ಪ್ರವೇಶ, ಬೈಗುಳ, ಸಣ್ಣ ಹೊಡೆದಾಟದ ಕಲಂಗಳಾದರೆ ಜಾಮೀನು ನಿಮ್ಮ ಹಕ್ಕು. 7 ವರ್ಷದವರೆಗಿನ ಶಿಕ್ಷೆಯ ಅಪರಾಧಗಳಿಗೆ ಕಣ್ಣುಮುಚ್ಚಿ ಬಂಧಿಸುವಂತಿಲ್ಲ ಎಂದು 2014ರ ಅರ್ನೇಶ್ ಕುಮಾರ್ ತೀರ್ಪು ಹೇಳುತ್ತದೆ. ನೀವು ನಿಜವಾಗಿ ಹೆದರಬೇಕಾದ ಕಲಂ ಒಂದೇ: ನ್ಯಾಯ ಸಂಹಿತೆಯ 132, ಕರ್ತವ್ಯನಿರತ ನೌಕರನ ಮೇಲೆ ಬಲಪ್ರಯೋಗ, ಹಳೆಯ 353. ಅದು ಜಾಮೀನುರಹಿತ. ಠಾಣೆಯಲ್ಲಿ ದನಿ ಏರಿಸಿ, ಕೈ ಅಡ್ಡ ಹಿಡಿದು, ಕಾಗದ ಕಿತ್ತುಕೊಂಡು ಆ ಕಲಮನ್ನು ನೀವೇ ಅವರ ಕೈಗೆ ಕೊಡಬೇಡಿ. ಸುಳಿವು ಸಿಕ್ಕರೆ ಸೆಷನ್ಸ್ ನ್ಯಾಯಾಲಯದಲ್ಲಿ ನಾಗರಿಕ ಸುರಕ್ಷಾ ಸಂಹಿತೆಯ ಕಲಂ 482ರಡಿ ನಿರೀಕ್ಷಣಾ ಜಾಮೀನಿಗೆ ಅರ್ಜಿ ಹಾಕಿ. ಹಳೆಯ ಕಾನೂನಿನಲ್ಲಿ 482 ಎಂದರೆ ಹೈಕೋರ್ಟಿನ ಅಂತರ್ಗತ ಅಧಿಕಾರ, ಅದೀಗ 528. ವಕೀಲರ ಕಚೇರಿಯಲ್ಲೂ ಇದು ಇನ್ನೂ ಅದಲುಬದಲಾಗುತ್ತಿರುತ್ತದೆ.

ರೌಡಿ ಶೀಟ್ ಎಸ್‌ಐ ಒಬ್ಬರ ಮನಸ್ಸಿಗೆ ಬಂದಂತೆ ತೆರೆಯುವ ಪುಸ್ತಕವಲ್ಲ, ಮೇಲಧಿಕಾರಿಯ ಆದೇಶ ಬೇಕು, ಹಿನ್ನೆಲೆಯೂ ಬೇಕು. ತೆರೆದರೆ ಹೈಕೋರ್ಟಿನಲ್ಲಿ ಪ್ರಶ್ನಿಸಬಹುದು. ಬೆದರಿಕೆ ಹಾಕಿದ ದಿನ, ಮಾತು ಎರಡನ್ನೂ ಪತ್ರದಲ್ಲಿ ಸೇರಿಸಿಬಿಡಿ. ಮೊದಲೇ ದಾಖಲಾದ ಬೆದರಿಕೆ ಆಮೇಲೆ ನಿಜವಾದರೆ ಅದಕ್ಕೆ ದ್ವೇಷದ ವಾಸನೆ ಬಡಿಯುತ್ತದೆ.

ಮುಂದೆಂದಾದರೂ ರಾತ್ರಿಯಾದರೂ ಬಿಡದಿದ್ದರೆ ಮನೆಯವರು ಏನು ಮಾಡಬೇಕೆಂದು ಈಗಲೇ ಹೇಳಿಡಿ. ಬಂಧನವಾದರೆ ಮೆಮೊ ಆಗಬೇಕು, ಮನೆಯವರಿಗೆ ತಿಳಿಸಬೇಕು, ಕಾರಣ ಹೇಳಬೇಕು, ಪ್ರಯಾಣದ ಹೊತ್ತು ಬಿಟ್ಟು 24 ಗಂಟೆಯೊಳಗೆ ಮ್ಯಾಜಿಸ್ಟ್ರೇಟರ ಮುಂದೆ ಹಾಜರುಪಡಿಸಬೇಕು. ಡಿ.ಕೆ. ಬಸು ತೀರ್ಪು 1996ರಲ್ಲೇ ಹೇಳಿದ್ದು ಈಗ ಸಂಹಿತೆಯಲ್ಲೇ ಇದೆ. ಬಂಧಿಸಿಲ್ಲ ಎನ್ನುತ್ತಾ ಬಿಡುತ್ತಲೂ ಇಲ್ಲವೆಂದರೆ 112ಕ್ಕೆ ಕರೆ ಮಾಡಿ, ಎಸ್‌ಪಿ ಕಚೇರಿಗೆ ಇಮೇಲ್ ಕಳಿಸಿ. ಎರಡರಲ್ಲೂ ಹೊತ್ತು ದಾಖಲಾಗುತ್ತದೆ. ಬೆಳಗಾದರೆ ವಕೀಲರ ಮೂಲಕ ಜೆಎಂಎಫ್‌ಸಿ ಮುಂದೆ ಕಲಂ 100ರಡಿ ಅಕ್ರಮ ಬಂಧನದಲ್ಲಿರುವವರನ್ನು ಹುಡುಕುವ ವಾರಂಟ್ ಕೇಳಬಹುದು. ಹೇಬಿಯಸ್ ಕಾರ್ಪಸ್‌ಗೆ (ಬಂಧಿತರನ್ನು ಕೋರ್ಟಿನ ಮುಂದೆ ತರಿಸುವ ಅರ್ಜಿ) ಹೈಕೋರ್ಟಿಗೆ ಓಡುವ ಮೊದಲು ಊರಲ್ಲೇ ಸಿಗುವ ಈ ದಾರಿಯನ್ನು ಹೆಚ್ಚಿನವರು ಮರೆಯುತ್ತಾರೆ. ವಕೀಲರಿಗೆ ಹಣವಿಲ್ಲದಿದ್ದರೆ ತಾಲೂಕು ಕಾನೂನು ಸೇವಾ ಸಮಿತಿ ಕೋರ್ಟ್ ಆವರಣದಲ್ಲೇ ಇದೆ, ಸಹಾಯವಾಣಿ 15100. ಹೆಂಗಸರಿಗೆ, ಪರಿಶಿಷ್ಟ ಜಾತಿ ಪಂಗಡದವರಿಗೆ, ಬಂಧನದಲ್ಲಿರುವವರಿಗೆ ಆದಾಯದ ಮಿತಿ ಇಲ್ಲ. ನಿಮ್ಮ ತಾಯಿಯ ಹೆಸರಿನಲ್ಲಿ ಕೇಳಿದರೆ ಉಚಿತ ವಕೀಲರು ಸಿಗುತ್ತಾರೆ.

ತಾಯಿಯ ಹೆಸರು ಇನ್ನೊಂದಕ್ಕೂ ಬೇಕು. ಪೊಲೀಸರ ಮೇಲಿನ ದೂರೆಲ್ಲ ಕಿರುಕುಳವನ್ನು ನಿಲ್ಲಿಸಬಹುದು, 6 ಗುಂಟೆಯ ತಕರಾರನ್ನಲ್ಲ. ಅದು ಜೀವಂತವಾಗಿರುವವರೆಗೆ ಈ ಎಸ್‌ಐ ವರ್ಗವಾದರೂ ಮುಂದಿನವರಿಗೆ ಮತ್ತೆ ಅರ್ಜಿ ಬರುತ್ತದೆ. ಸ್ವಾಧೀನ ನಿಮ್ಮದಿದೆ, ಪಹಣಿ ಇದೆ. ಅಮ್ಮನನ್ನು ವಾದಿ ಮಾಡಿ ಸಿವಿಲ್ ನ್ಯಾಯಾಲಯದಲ್ಲಿ ಶಾಶ್ವತ ನಿರ್ಬಂಧಕಾಜ್ಞೆಯ ದಾವೆ ಹೂಡಿ, ಜೊತೆಗೇ ಸಿವಿಲ್ ಪ್ರಕ್ರಿಯಾ ಸಂಹಿತೆಯ ಆದೇಶ 39ರಡಿ ತಾತ್ಕಾಲಿಕ ತಡೆಯಾಜ್ಞೆ ಕೇಳಿ. ದಾವೆಯಲ್ಲಿ ಮುಚ್ಚಳಿಕೆಯ ವಿಷಯ ಮುಚ್ಚಿಡಬೇಡಿ, ನಿರಾಕರಣೆ ಪತ್ರದ ಪ್ರತಿಯನ್ನೂ ಲಗತ್ತಿಸಿ. ಮುಚ್ಚಿಟ್ಟದ್ದು ಎದುರುಪಕ್ಷದ ಬಾಯಿಂದ ಬಂದರೆ ತಡೆಯಾಜ್ಞೆ ಜಾರುತ್ತದೆ. ಹದ್ದುಬಸ್ತಿಗೆ, ಅಂದರೆ ಸರ್ವೆಯವರಿಂದ ಗಡಿ ಅಳೆಸಿ ಗುರುತಿಸುವುದಕ್ಕೆ ಅರ್ಜಿಯನ್ನೂ ಇದೇ ವಾರ ಹಾಕಿ. ಅಳತೆಯಲ್ಲಿ ಒಂದೆರಡು ಗುಂಟೆ ನಿಜವಾಗಿ ಆಚೆಯದೆಂದು ಬಂದರೆ ಅದನ್ನು ಸರ್ವೆ ನಕ್ಷೆ ಮುಂದಿಟ್ಟುಕೊಂಡು ಕೋರ್ಟಿನಲ್ಲೇ ರಾಜಿ ಮಾಡಿಕೊಳ್ಳಬಹುದು. ತಡೆಯಾಜ್ಞೆ ಸಿಕ್ಕ ದಿನ ಅದರ ದೃಢೀಕೃತ ನಕಲನ್ನು ಠಾಣೆಯ ಟಪಾಲಿಗೆ ಕೊಟ್ಟು, ನಿಮ್ಮ ಪ್ರತಿಯ ಮೇಲೆ ಮೊಹರು ಹಾಕಿಸಿಕೊಂಡು ಬನ್ನಿ.